ಬೇವಿನ ಮರದಡಿ ನಿಂತ ಮೆರವಣಿಗೆ

ರಾಯಚೂರು ಜಿಲ್ಲೆಯ ಸಂಗೀತದ ಚರಿತ್ರೆಯನ್ನು ಮುಂದೆ ಯಾರಾದರೂ ಪುಣ್ಯಾತ್ಮರು ಬರೆಯಲು ಕೂತರೆ, ತತ್ವಪದದ ಭಜನಾ ಮೇಳಗಳಿಗೆ ಒಂದು ಅಧ್ಯಾಯ, ಮೊಹರಮ್ಮಿನ ಪದಗಳಿಗೆ ಒಂದು ಅಧ್ಯಾಯ, ಹಿಂದೂಸ್ತಾನಿ ಗಾಯಕರಿಗೆ ಎರಡು ಅಧ್ಯಾಯ ಎತ್ತಿಟ್ಟ ಮೇಲೆ, ಸ್ಯಾಕ್ಸೊಫೋನ್ ಎಂಬ ಹಿತ್ತಾಳೆಯ ವಾದ್ಯಕ್ಕೂ ಜಾಜ್ ಎಂಬ ದೂರದೇಶದ ಸಂಗೀತಕ್ಕೂ ಎಲ್ಲಿ ಜಾಗ ಕೊಡಬೇಕೆಂದು ತಲೆ ಕೆರೆದುಕೊಳ್ಳುವುದು ಖಂಡಿತ. ಅವರನ್ನು ಈ ಪೇಚಿಗೆ ಸಿಕ್ಕಿಸಿದವರು ಶ್ರೀ ಸಂಜೀವ ಅಯ್ಯಣ್ಣ ಯಾಪಲದಿನ್ನಿಯವರು. ಮೂವತ್ತೈದು ವರ್ಷ ಮಾನ್ವಿ, ದೇವದುರ್ಗ ಮತ್ತು ರಾಯಚೂರಿನ ಪ್ರೌಢಶಾಲೆಗಳಲ್ಲಿ ಸಂಗೀತ ಶಿಕ್ಷಕರಾಗಿ ದುಡಿದು, ಈ ಜುಲೈ ಮೂವತ್ತೊಂದಕ್ಕೆ ನಿವೃತ್ತರಾದ ಅವರನ್ನು ಸಂಗೀತದವರು ‘ನಮ್ಮ ವಾದಕರು’ ಎನ್ನುತ್ತಾರೆ, ಸಂಘಟನೆಯವರು ‘ನಮ್ಮ ಹೋರಾಟಗಾರರು’ ಎನ್ನುತ್ತಾರೆ. ಇಬ್ಬರ ಮಾತೂ ಖರೆಯೇ. ಆದರೆ ಸಂಜೀವ ಸರ್ ಅವರಲ್ಲಿ ಈ ಎರಡು ಕೆಲಸಗಳು ಎಂದೂ ಬೇರೆ ಬೇರೆಯಾಗಿ ಇರಲಿಲ್ಲ ಎಂಬುದನ್ನು, ಅವರ ಪಕ್ಕದ ಕುರ್ಚಿಯಲ್ಲಿ ಹನ್ನೊಂದು ವರ್ಷ ಕೂತ ನಾನು ಹೇಳಬಲ್ಲೆ.

ನಾನು ದುರುಗೇಶ, ಕನ್ನಡ ಮೇಷ್ಟ್ರು. ಈ ಭಾಗದ ಅಭಿನಂದನ ಗ್ರಂಥಗಳ ಕರಡು ತಿದ್ದುವ ಕೆಲಸ ನನ್ನ ಕೊರಳಿಗೇ ಬೀಳುವುದರಿಂದ, ಅವುಗಳಲ್ಲಿ ಎಲ್ಲರೂ ‘ಅಜಾತಶತ್ರು’ಗಳು, ‘ಸಜ್ಜನಿಕೆಯ ಸಾಕಾರಮೂರ್ತಿ’ಗಳು ಎಂಬುದು ನನಗೆ ಬಾಯಿಪಾಠವಾಗಿದೆ. ಸಂಜೀವ ಸರ್ ಅಜಾತಶತ್ರು ಅಲ್ಲ. ಅವರಿಗೆ ಬೇಕಾದಷ್ಟು ಶತ್ರುಗಳಿದ್ದರು. ಒಂದು ದಿನದ ಮಟ್ಟಿಗೆ ನಾನೂ ಅವರಲ್ಲಿ ಒಬ್ಬನಾಗಿದ್ದೆ. ಆ ಸಂಗತಿಯನ್ನು ಬರೆಯದೆ ಈ ಲೇಖನವನ್ನು ಮುಗಿಸಬಹುದೆಂದು ತಿಳಿದಿದ್ದೆ, ಹಾಗೆ ಮುಗಿಸಿಯೂ ಇದ್ದೆ. ಅದನ್ನು ಯಾಕೆ ಹರಿದು ಹಾಕಬೇಕಾಯಿತು ಎಂಬುದನ್ನು ಅದರದೇ ಜಾಗದಲ್ಲಿ ಹೇಳುತ್ತೇನೆ.

ರಾಯಚೂರು ತಾಲೂಕಿನ ಯಾಪಲದಿನ್ನಿಯಲ್ಲಿ ೧೯೬೫ರಲ್ಲಿ ಹುಟ್ಟಿದ ಸಂಜೀವ ಸರ್ ಅವರ ತಂದೆ ಅಯ್ಯಣ್ಣನವರು ಹಲಗೆ ಬಾರಿಸುವವರಾಗಿದ್ದರು. ತಾಯಿ ಮೂಕಮ್ಮನವರು ಹೆಸರಿಗೆ ಮಾತ್ರ ಮೂಕಮ್ಮ, ಭತ್ತ ನಾಟಿಯ ಗದ್ದೆಯಲ್ಲಿ ಪದ ಎತ್ತಿದರೆ ಮೂರು ಹೊಲದಾಚೆ ಕೇಳುತ್ತಿತ್ತಂತೆ. ಊರಲ್ಲಿ ಯಾರ ಮನೆಯಲ್ಲಿ ಸಾವಾದರೂ ಅಯ್ಯಣ್ಣನವರು ಹಲಗೆ ಹೊತ್ತು ಹೋಗಲೇಬೇಕು, ಅದು ಬಿಟ್ಟಿ ಚಾಕರಿ, ಕೇಳುವ ಹೇಳುವ ಮಾತಿಲ್ಲ. ಒಮ್ಮೆ ಚಳಿಜ್ವರದಲ್ಲಿ ಕಂಬಳಿ ಹೊದ್ದು ಮಲಗಿದ್ದವರನ್ನು ಎಬ್ಬಿಸಿಕೊಂಡು ಹೋಗಿ, ದಾರಿಯುದ್ದಕ್ಕೂ ಬಾರಿಸಿಕೊಂಡರು. ವಾಪಸು ಬಂದವರು ಹದಿನೈದು ದಿನ ಏಳಲಿಲ್ಲ. ಈ ಕತೆಯನ್ನು ಹೇಳುವಾಗ ಸರ್ ಎಂದೂ ದನಿ ಏರಿಸುವುದಿಲ್ಲ, ಕಡೆಗೆ ಒಂದೇ ಮಾತು ಸೇರಿಸುತ್ತಾರೆ, “ಹಲಗಿ ನಮ್ದು ದುರುಗೇಶ, ಬಿಟ್ಟಿ ನಮ್ದಲ್ಲ.” ಅನೇಕರು ಬಿಟ್ಟಿಯ ಜೊತೆಗೆ ಹಲಗೆಯನ್ನೂ ಬಿಟ್ಟರು, ಅದು ಅವರ ಹಕ್ಕು. ಸಂಜೀವ ಸರ್ ಹಲಗೆಯನ್ನು ಇಟ್ಟುಕೊಂಡರು.

ಹೈಸ್ಕೂಲಿಗೆಂದು ರಾಯಚೂರಿಗೆ ಬಂದಾಗ ಅವರಿಗೆ ಸಿಕ್ಕವರು ಬುರ್ಹಾನುದ್ದೀನ್ ಮಾಸ್ಟರ್. ತೀನ್ ಕಂದೀಲಿನ ಹತ್ತಿರದ ಗಲ್ಲಿಯಲ್ಲಿ ಮದುವೆಯ ಬ್ಯಾಂಡು ನಡೆಸುತ್ತಿದ್ದ ಈ ಮುದುಕರು, ನಿಜಾಮರ ಕಾಲದಲ್ಲಿ ಸಿಕಂದರಾಬಾದಿನ ದಂಡಿನ ಕ್ಲಬ್ಬುಗಳಲ್ಲಿ ಸ್ಯಾಕ್ಸೊಫೋನ್ ನುಡಿಸಿದವರು. ಅಲ್ಲಿ ಗೋವೆಯ ವಾದಕರಿಂದ ಜಾಜ್ ಕಲಿತು, ಇಲ್ಲಿ ಬಂದು ವರನ ಕುದುರೆಯ ಮುಂದೆ ಸಿನಿಮಾ ಹಾಡು ಊದುತ್ತ ದಿನ ನೂಕುತ್ತಿದ್ದರು. ಶಿಷ್ಯನ ಕೈಗೆ ವಾದ್ಯ ಕೊಟ್ಟ ದಿನ ಅವರು ಹೇಳಿದ್ದು ಇಷ್ಟೇ: “ಯೇ ಬಾಜಾ ಗುಲಾಮಾಂ ಕೆ ಬಚ್ಚೇ ಬಜಾಯೇ ಸೋ ಬಾಜಾ ಹೈ ಬೇಟಾ. ಸರ್ ಝುಕಾಕೊ ಫೂಂಕೇ ತೊ ಆವಾಜ್ ನೈ ನಿಕಲ್ತೀ.” ಅಮೆರಿಕದಲ್ಲಿ ಗುಲಾಮರ ಮಕ್ಕಳು ನುಡಿಸಿದ ವಾದ್ಯ ಇದು, ತಲೆ ಬಗ್ಗಿಸಿ ಊದಿದರೆ ನಾದ ಹೊರಡುವುದಿಲ್ಲ ಎಂದು ಅರ್ಥ. ಸರ್ ಅವರ ಕತ್ತು ಈಗಲೂ ಸ್ವಲ್ಪ ಮೇಲಕ್ಕೇ ಇರುತ್ತದೆ. ಹೊಸಬರು ಅದನ್ನು ಸೊಕ್ಕು ಎಂದು ತಿಳಿಯುತ್ತಾರೆ.

ಜಾಜ್ ಎಂದರೇನು ಎಂದು ನಾನೂ ಒಮ್ಮೆ ಕೇಳಿದ್ದೆ. ಬಾಯಿಂದ ಹೇಳಲಿಲ್ಲ ಅವರು. ತಾಯಿಯ ನಾಟಿ ಪದದ ಧಾಟಿಯೊಂದನ್ನು ಸರಳವಾಗಿ ನುಡಿಸಿದರು. ಎರಡನೆಯ ಸಲ ಅದೇ ಧಾಟಿಯನ್ನು ನಡುವೆ ಬಿಟ್ಟು ಎಲ್ಲೆಲ್ಲೋ ಹೋದರು, ನಗಿಸಿದರು, ಬಯ್ದರು, ಯಾರನ್ನೋ ಕರೆದರು. ಇನ್ನು ಇವರು ವಾಪಸು ಬರುವುದಿಲ್ಲ ಎಂದು ನಾನು ಅಂದುಕೊಳ್ಳುವ ಹೊತ್ತಿಗೆ ಸರಿಯಾಗಿ ಮೂಕಮ್ಮನವರ ಸಾಲಿಗೇ ಬಂದು ನಿಂತರು. “ಹೊಲಕ್ಕ ಹೋದವರು ಸಂಜಿಗೆ ಮನಿಗೆ ಬರಬೇಕಲ್ಲ, ಹಂಗ,” ಎಂದರು. ಹಲಗೆಯ ಪೆಟ್ಟಿನ ಮೇಲೆ ಸ್ಯಾಕ್ಸೊಫೋನ್ ನಡೆಸುವ ಆ ರಚನೆಗೆ ಅವರು ‘ಅವ್ವನ ಧಾಟಿ’ ಎಂದು ಹೆಸರಿಟ್ಟಿದ್ದಾರೆ. ಮುಂದೆ ಹೈದರಾಬಾದು, ಪುಣೆ, ಕೊಚ್ಚಿಯ ದೊಡ್ಡ ವೇದಿಕೆಗಳಲ್ಲಿ ಕೋಟು ಹಾಕಿದವರು ಎದ್ದು ನಿಂತು ಚಪ್ಪಾಳೆ ತಟ್ಟಿದ್ದು ಇದೇ ಧಾಟಿಗೆ. ಆದರೆ ನನ್ನ ಪಾಲಿಗೆ ಅದು ಬಹಳ ವರ್ಷ ಅರ್ಧ ಧಾಟಿಯಾಗಿಯೇ ಉಳಿದಿತ್ತು.

೧೯೯೦ರಲ್ಲಿ ಅವರು ಮಾನ್ವಿಯ ಪ್ರೌಢಶಾಲೆಗೆ ನೇಮಕವಾದರು. ಅಲ್ಲಿಯ ದಲಿತ ಕೇರಿಯ, ಸುತ್ತಲಿನ ಗಲ್ಲಿಗಳ ಆರು ಜನ ವಾದಕರನ್ನು ಸೇರಿಸಿ, ತಾವೊಬ್ಬರು ಸೇರಿ, ಏಳು ಮಂದಿಯ ಬ್ಯಾಂಡು ಕಟ್ಟಿದರು. ಕ್ಲಾರಿನೆಟ್ಟಿಗೆ ಯಲ್ಲಾಲಿಂಗ, ಡ್ರಮ್ಮಿಗೆ ಮಹಮ್ಮದ್ ಹುಸೇನ್. ಸರ್ಕಾರಿ ನೌಕರರಾದ್ದರಿಂದ ಸರ್ ತಮಗಾಗಿ ಏನೂ ತೆಗೆದುಕೊಳ್ಳುತ್ತಿರಲಿಲ್ಲ, ಬೇಕಾದವರ ಮನೆಯ ಶುಭಕಾರ್ಯಕ್ಕೆ ಮಾತ್ರ ಬರುತ್ತಿದ್ದರು. ಒಂದೇ ಷರತ್ತು. ಮದುವೆಗೆ ಕರೆಯಲು ಬಂದವರು ಸಾಹುಕಾರರಿರಲಿ, ಸಂಬಂಧಿಕರಿರಲಿ, ಚಹಾ ಕೊಟ್ಟು ಕೂರಿಸಿ, ಮೊದಲು ಕೇಳುತ್ತಿದ್ದುದು ಈ ಪ್ರಶ್ನೆ: “ಎಲಿ ಎಲ್ಲಿ ಹಾಕ್ತೀರಿ?”

ಈ ಪ್ರಶ್ನೆಯ ತೂಕ ನಮ್ಮ ಕಡೆಯವರಿಗೆ ಗೊತ್ತು. ಮದುವೆಯಲ್ಲಿ ಬ್ಯಾಂಡಿನವರು ಮುಂದೆ ಇರಬೇಕು, ಊಟದಲ್ಲಿ ಹಿಂದೆ. ಎಲ್ಲರದೂ ಮುಗಿದ ಮೇಲೆ ಹಿತ್ತಲಲ್ಲೋ, ದನದ ಕೊಟ್ಟಿಗೆಯಲ್ಲೋ ಎಲೆ ಹಾಕಿ, ಮೇಲಿನಿಂದ ಬಡಿಸಿ, ಉಂಡ ಎಲೆಯನ್ನು ಅವರ ಕೈಯಿಂದಲೇ ಎತ್ತಿಸುವುದು ನಡೆದು ಬಂದ ಪದ್ಧತಿ. ಬೀಗರ ಪಂಕ್ತಿಯಲ್ಲೇ ನಮ್ಮ ಏಳು ಎಲೆ ಬೀಳಬೇಕು, ಇಲ್ಲದಿದ್ದರೆ ವಾದ್ಯ ಪೆಟ್ಟಿಗೆಯಿಂದ ಹೊರಗೆ ಬರುವುದಿಲ್ಲ ಎಂದು ಸರ್ ಹೇಳುತ್ತಿದ್ದರು. ಅರ್ಧ ಜನ ಚಹಾ ಕುಡಿಯದೆ ಎದ್ದು ಹೋಗುತ್ತಿದ್ದರು. ಉಳಿದರ್ಧ ಜನರ ಮನೆಗಳಲ್ಲಿ, ನಿಧಾನವಾಗಿ, ಪಂಕ್ತಿ ಬದಲಾಯಿತು. ಮಾನ್ವಿ ಸೀಮೆಯ ಎಷ್ಟೋ ಮದುವೆಗಳಲ್ಲಿ ಮೊಟ್ಟಮೊದಲು ಎಲ್ಲರೂ ಒಂದೇ ಸಾಲಿನಲ್ಲಿ ಕೂತು ಉಂಡದ್ದು, ಸ್ಯಾಕ್ಸೊಫೋನ್ ಕೇಳಬೇಕೆಂಬ ಚಟಕ್ಕೆ ಬಿದ್ದು ಎಂದರೆ ನಗಬೇಡಿ.

ನಾನು ೧೯೯೩ರಲ್ಲಿ ಆ ಶಾಲೆಗೆ ಸೇರಿದೆ. ಮೊದಲ ತಿಂಗಳೇ ಟೈಫಾಯ್ಡ್ ಹಿಡಿದು ಬಾಡಿಗೆ ಕೋಣೆಯಲ್ಲಿ ಬಿದ್ದುಕೊಂಡಾಗ, ಸರ್ ತಮ್ಮ ಮನೆಗೆ ಎತ್ತಿಕೊಂಡು ಹೋದರು. ಅವರ ಶ್ರೀಮತಿ ಶಶಿಕಲಾ ಅವರು ನರ್ಸು. ಇಪ್ಪತ್ತೆರಡು ದಿನ ಗಂಜಿ ಕುಡಿಸಿ ನನ್ನನ್ನು ಮನುಷ್ಯನನ್ನಾಗಿ ಮಾಡಿದರು. ಅವರ ಮನೆಯ ತಟ್ಟೆಯಲ್ಲಿ ಉಂಡು ಬದುಕಿದವನು ನಾನು ಎಂಬುದನ್ನು ಓದುಗರು ನೆನಪಿಟ್ಟುಕೊಳ್ಳಬೇಕು, ಮುಂದೆ ಬೇಕಾಗುತ್ತದೆ.

ಮರುವರ್ಷ ಸಿರವಾರದ ಪ್ರಸಂಗ. ಅಲ್ಲಿಯ ಒಂದು ಚಹಾದಂಗಡಿಯಲ್ಲಿ ಕೇರಿಯವರಿಗೆ ಬೇರೆ ಗಾಜಿನ ಗಿಲಾಸು ಇಟ್ಟಿದ್ದರು. ಸರ್ ಜಗಳಕ್ಕೆ ಹೋಗಲಿಲ್ಲ. ಪ್ರತಿ ಸಂತೆಯ ದಿನ ಶಾಲೆ ಬಿಟ್ಟ ಮೇಲೆ ಬ್ಯಾಂಡು ಕರೆದುಕೊಂಡು ಹೋಗಿ, ಅಂಗಡಿಯ ಎದುರಿನ ರಸ್ತೆಯಾಚೆ ನಿಂತು ನುಡಿಸಿ, ಚಹಾ ಕೇಳಿ, ಬೇರೆ ಗಿಲಾಸು ಬಂದರೆ ಕುಡಿಯದೆ ಅದನ್ನು ಕಟ್ಟೆಯ ಮೇಲೆ ಇಟ್ಟು ಬರುತ್ತಿದ್ದರು. ಸಂತೆಯ ಜನವೆಲ್ಲ ಕೇಳಲು ಸೇರುತ್ತಿತ್ತು, ಕಟ್ಟೆಯ ಮೇಲೆ ಸಾಲಾಗಿ ಆರುತ್ತಿದ್ದ ಏಳು ಗಿಲಾಸುಗಳನ್ನೂ ನೋಡುತ್ತಿತ್ತು. ಹನ್ನೊಂದನೆಯ ಸಂತೆಗೆ ಅಂಗಡಿಯವನು ಕೈ ಮುಗಿದ. “ಮಾಸ್ತರೇ, ನೀವು ಬಾರಿಸೂದರಿಂದ ಗಿರಾಕಿ ಹೆಚ್ಚಾಗ್ಯಾದ, ಖರೆ. ಆದ್ರ ನಾಚಿಕಿನೂ ಅಷ್ಟ ಹೆಚ್ಚಾಗ್ಯಾದ. ಒಳಗ ಬರ್ರಿ.” ಆ ದಿನ ಒಳಗೆ ಹೋಗಿ ಎಲ್ಲರ ಗಿಲಾಸಿನಲ್ಲಿ ಕುಡಿದ ಚಹಾದಲ್ಲಿ ಸಕ್ಕರೆ ಕಡಿಮೆಯಿತ್ತೆಂದು ಯಲ್ಲಾಲಿಂಗ ಈಗಲೂ ದೂರುತ್ತಾನೆ.

ಇದಕ್ಕಾಗಿ ಮೇಲಿನವರೊಬ್ಬರಿಂದ ಸರ್ ಅವರಿಗೆ ನೋಟೀಸು ಬಂತು: ನೌಕರರಾಗಿದ್ದುಕೊಂಡು ಬೀದಿಯಲ್ಲಿ ವಾದ್ಯ ನುಡಿಸಿದ್ದು ಕರ್ತವ್ಯಲೋಪವೇಕಲ್ಲ, ಕಾರಣ ತಿಳಿಸಿ. ಉತ್ತರ ಬರೆದವನು ನಾನೇ. “ಸಂಗೀತ ಶಿಕ್ಷಕನು ಸಂಗೀತ ನುಡಿಸಿದ್ದು ಕರ್ತವ್ಯಲೋಪವಾಗುವುದಾದರೆ, ಗಣಿತ ಶಿಕ್ಷಕರು ಸಂತೆಯಲ್ಲಿ ಲೆಕ್ಕ ಮಾಡಿ ಬದನೆಕಾಯಿ ಕೊಳ್ಳುವುದನ್ನೂ ವಿಚಾರಣೆಗೆ ಒಳಪಡಿಸಬೇಕಾಗಿ ಪ್ರಾರ್ಥನೆ” ಎಂದು ಬರೆದೆ. ಸರ್ ಬಿದ್ದು ಬಿದ್ದು ನಕ್ಕು ಸಹಿ ಹಾಕಿದರು. ಆ ಕಾಗದದಿಂದ ಜಿಲ್ಲೆಯಲ್ಲಿ ನನಗೆ ಧೈರ್ಯವಂತನೆಂದು ಹೆಸರು ಬಂತು. ಕಾಗದದ ಮೇಲೆ ನಾನು ಯಾವಾಗಲೂ ಧೈರ್ಯವಂತನೇ.

೧೯೯೬ರ ಮೇ ತಿಂಗಳಲ್ಲಿ ನನ್ನ ಮದುವೆ ಗೊತ್ತಾಯಿತು. ದೇವದುರ್ಗದಿಂದ ಒಂಬತ್ತು ಕಿಲೋಮೀಟರು ದೂರದ ನಮ್ಮೂರಲ್ಲಿ ಕಾರ್ಯ. ಊರ ಹೆಸರು ಬರೆಯುವುದಿಲ್ಲ, ಯಾಕೆಂದರೆ ಆಗ ಸುತ್ತಲಿನ ಎಲ್ಲ ಊರುಗಳೂ ಅದೇ ಊರಾಗಿದ್ದವು. ತಂದೆ ಸಣ್ಣಂದಿನಲ್ಲೇ ಹೋದ ಮೇಲೆ ನನ್ನನ್ನು ಓದಿಸಿ ಬೆಳೆಸಿದವರು ಕಾಕಾ ರಾಮಣ್ಣನವರು. ಅವರೆದುರು ನಾನು ಕೂತು ಮಾತಾಡಿದವನೇ ಅಲ್ಲ. ಬ್ಯಾಂಡಿಗೆ ಕರೆಯಲು ಸರ್ ಮನೆಗೆ ಹೋದೆ. ನನ್ನನ್ನೂ ಬಿಡಲಿಲ್ಲ ಅವರು, ಚಹಾ ಕೊಟ್ಟು ಕೇಳಿದರು, “ಎಲಿ ಎಲ್ಲಿ ಹಾಕ್ತೀರಿ?”

“ನಮ್ಮ ಪಡಸಾಲ್ಯಾಗ ಸರ್. ಬೀಗರ ಜೋಡಿ,” ಎಂದೆ. ಆಗ ಅದು ಸುಳ್ಳಾಗಿರಲಿಲ್ಲ.

ಮದುವೆಯ ದಿನ ಬೆಳಿಗ್ಗೆ ಸುರಿಗೆ ನೀರಿನ ಸ್ನಾನಕ್ಕೆ ಮುಂಚೆ ಕಾಕಾ ನನ್ನನ್ನು ಹಿಂದಕ್ಕೆ ಕರೆದರು. ದನದ ಕೊಟ್ಟಿಗೆಯನ್ನು ಗುಡಿಸಿ ಚಾಪೆ ಹಾಸಿದ್ದರು. “ಬ್ಯಾಂಡಿನವರಿಗೆ ಇಲ್ಲಿ ಮಾಡೀನಿ. ಪಡಸಾಲ್ಯಾಗ ಕುಂದರ್ಸಿದ್ರ ಬೀಗರು ಎದ್ದು ಹೋಗ್ತಾರ. ಹೋದ್ರ ನಿನ್ನ ಲಗ್ನ ಯಾರು ಮಾಡ್ತಾರ? ಮೊದಲು ಮೆರವಣಿಗಿ ಮುಗೀಲಿ, ಊಟ ಆಮ್ಯಾಲೆ ಅಂತ ಹೇಳು ಅವರಿಗಿ.” ನಾನು ತಲೆಯಾಡಿಸಿದೆ. ಹೋಗಿ ಸರ್ ಅವರಿಗೆ, ಮೊದಲು ಮೆರವಣಿಗೆ, ಊಟ ಆಮೇಲೆ, ಎಂದು ಹೇಳಿಯೂ ಬಂದೆ. ಅವರು ನನ್ನ ಮೇಲೆ ಭರವಸೆ ಇಟ್ಟು, ಮಧ್ಯಾಹ್ನದ ಬಿಸಿಲಲ್ಲಿ ಹಸಿದ ಹೊಟ್ಟೆಯಲ್ಲಿ ಅಕ್ಷತೆಗೆ ನುಡಿಸಿದರು.

ಇಳಿಹೊತ್ತಿಗೆ ಮೆರವಣಿಗೆ ಹೊರಟಿತು. ತೆರೆದ ಜೀಪಿನಲ್ಲಿ ನಾನು, ಪಕ್ಕದಲ್ಲಿ ಹೊಸ ಮದುಮಗಳು ಮಲ್ಲೇಶ್ವರಿ, ಮುಂದೆ ಏಳು ಮಂದಿ. ಸರ್ ‘ಅವ್ವನ ಧಾಟಿ’ ಎತ್ತಿಕೊಂಡಿದ್ದರು. ಬಸ್ಸು ನಿಲ್ಲುವ ಬೇವಿನ ಮರದ ಹತ್ತಿರ ಬರುವಾಗ ಅವರು ಸಾಲು ಬಿಟ್ಟು ಬಲು ದೂರ ಹೋಗಿದ್ದರು, ಊರಿಗೆ ಊರೇ ಉಸಿರು ಹಿಡಿದು ಕೇಳುತ್ತಿತ್ತು. ಅಷ್ಟರಲ್ಲಿ ನೀರು ಕುಡಿಯಲು ನಮ್ಮ ಮನೆಯ ಹಿಂದೆ ಹೋಗಿದ್ದ ಯಲ್ಲಾಲಿಂಗ ಬಂದು ಅವರ ಕಿವಿಯಲ್ಲಿ ಏನೋ ಹೇಳಿದ. ವಾದ್ಯ ನಿಂತಿತು. ಸರ್ ನಿಧಾನವಾಗಿ ನಡೆದು ಜೀಪಿನ ಬಳಿ ಬಂದರು.

“ದುರುಗೇಶ, ಎಲಿ ಎಲ್ಲಿ ಹಾಕೀರಿ?”

ನಾನು ಬಾಸಿಂಗದ ಹಿಂದೆ ತಲೆ ಬಗ್ಗಿಸಿದೆ.

“ನಿನಗ ಗೊತ್ತಿತ್ತು,” ಎಂದರು. ಸಿಟ್ಟಿನಿಂದಲ್ಲ. ಆಮೇಲೆ ಮಲ್ಲೇಶ್ವರಿಯ ಕಡೆ ತಿರುಗಿ, “ಚೆಂದಾಗಿ ಬಾಳವ್ವಾ, ನಿಂದೇನೂ ತಪ್ಪಿಲ್ಲ,” ಎಂದು ಕೈ ಎತ್ತಿ ಹರಸಿದರು. ಸ್ಯಾಕ್ಸೊಫೋನನ್ನು ಒರೆಸಿ ಪೆಟ್ಟಿಗೆಯಲ್ಲಿಟ್ಟರು. ಏಳು ಜನರೂ ದೇವದುರ್ಗದ ದಾರಿ ಹಿಡಿದು ನಡೆದುಕೊಂಡೇ ಹೋದರು. ಜೀಪು ಸದ್ದಿಲ್ಲದೆ ಮನೆಗೆ ಬಂತು, ಹೊಸ್ತಿಲಲ್ಲಿ ಮಲ್ಲೇಶ್ವರಿ ಸೇರಕ್ಕಿಯನ್ನು ಸದ್ದಿಲ್ಲದೆ ಒದ್ದು ಒಳಗೆ ಬಂದಳು. ನನ್ನ ಹೆಂಡತಿ ನನ್ನೊಡನೆ ಆಡಿದ ಮೊದಲ ಮಾತು, “ನಿಮಗ ಖರೇನ ಗೊತ್ತಿತ್ತೇನ್ರಿ?”

ಅಡುಗೆಮನೆಯಲ್ಲಿ ಹೋಳಿಗೆ ತಟ್ಟುತ್ತಿದ್ದ ನನ್ನ ತಾಯಿ ಮುದುಕಮ್ಮನಿಗೆ ವಿಷಯ ತಿಳಿದದ್ದು ಎಲ್ಲ ಮುಗಿದ ಮೇಲೆ. ಆಕೆ ಬಯ್ಯಲಿಲ್ಲ. ಬ್ಯಾಂಡಿನವರಿಗೆಂದು ಎತ್ತಿಟ್ಟಿದ್ದ ಹೋಳಿಗೆಯ ಬುಟ್ಟಿಯನ್ನು ಯಾರಿಗೂ ಮುಟ್ಟಗೊಡದೆ ಮೂರು ದಿನ ಹಾಗೆಯೇ ಇಟ್ಟಳು. ಆಮೇಲೆ ಎಮ್ಮೆಗೆ ಹಾಕಿದಳು.

ರಜೆ ಮುಗಿದು ಶಾಲೆ ಶುರುವಾದ ದಿನ, ಯಾವ ಮುಖ ಹೊತ್ತು ಹೋಗಲಿ ಎಂದು ಗೇಟಿನ ಬಳಿ ಬಹಳ ಹೊತ್ತು ನಿಂತಿದ್ದೆ. ಸ್ಟಾಫ್ ರೂಮಿನಲ್ಲಿ ನನ್ನ ಕುರ್ಚಿಯ ಮುಂದೆ ಎಂದಿನಂತೆ ಚಹಾ ಇತ್ತು. “ಬಾ, ಆರಾಕತ್ತದ,” ಎಂದರು ಸರ್. ಅಷ್ಟೇ. ಅದನ್ನು ಕುಡಿದಷ್ಟು ಕಷ್ಟದ ಚಹಾವನ್ನು ನಾನು ಮತ್ತೆ ಕುಡಿದಿಲ್ಲ. ಅವರು ಆ ವಿಷಯವನ್ನು ಎಂದೂ ಎತ್ತಲಿಲ್ಲ, ಎತ್ತುವ ಧೈರ್ಯ ನನಗೆ ಬರಲಿಲ್ಲ. ಮಾನ್ವಿಯ ನನ್ನ ಬಾಡಿಗೆ ಮನೆಗೆ ಎಷ್ಟೋ ಸಲ ಊಟಕ್ಕೆ ಬಂದರು. ಮಗಳು ಹುಟ್ಟಿದಾಗ ಶಶಿಕಲಾ ಅವರೇ ಮೊದಲು ಎತ್ತಿಕೊಂಡರು. ಅವರ ಮಗಳು ವಿಶಾಖಾ, ಈಗ ರಾಯಚೂರಲ್ಲಿ ವಕೀಲಳು, ನನ್ನ ಮಗಳಿಗೆ ತನ್ನ ಪುಸ್ತಕಗಳನ್ನು ಕೊಟ್ಟು ಬೆಳೆಸಿದಳು. ಆದರೆ ನಮ್ಮೂರಿಗೆ ಮಾತ್ರ ಅವರು ಬರಲಿಲ್ಲ, ನಾನು ಕರೆಯಲೂ ಇಲ್ಲ. ನಮ್ಮ ಮನೆಯಲ್ಲಿ ಗಂಡಹೆಂಡಿರ ಜಗಳವಾದಾಗಲೆಲ್ಲ ಮಲ್ಲೇಶ್ವರಿ ಒಂದೇ ಮಾತಿನಲ್ಲಿ ಮುಗಿಸುತ್ತಿದ್ದಳು: “ನಮ್ಮ ಮೆರವಣಿಗಿ ಇನ್ನಾ ಮನಿ ಮುಟ್ಟಿಲ್ಲ, ಸುಮ್ಕಿರ್ರಿ.”

೨೦೦೪ರಲ್ಲಿ ಸರ್ ಅವರಿಗೆ ದೇವದುರ್ಗಕ್ಕೆ ವರ್ಗವಾಯಿತು. ಆ ಆರು ವರ್ಷಗಳಲ್ಲಿ ಅವರು ಮಾಡಿದ ಕೆಲಸಕ್ಕೆ ಬೇರೆಯೇ ಗ್ರಂಥ ಬೇಕು. ಒಂದು ಊರಲ್ಲಿ ಕೇರಿಯವರು ಬಿಟ್ಟಿ ಹಲಗೆ ಬಾರಿಸುವುದಿಲ್ಲ ಎಂದದ್ದಕ್ಕೆ ಅವರಿಗೆ ಕೂಲಿ ನಿಲ್ಲಿಸಿ, ಹಿಟ್ಟಿನ ಗಿರಣಿಯ ಬಾಗಿಲು ಮುಚ್ಚಿದಾಗ, ಸರ್ ನಾಲ್ಕು ತಿಂಗಳು ಪ್ರತಿ ಭಾನುವಾರ ಬಸ್ಸಿನ ಮೇಲೆ ಜೋಳದ ಹಿಟ್ಟಿನ ಚೀಲ ಹೇರಿಕೊಂಡು ಹೋದರು. ಹಿಟ್ಟು ಇಳಿಸಿದ ಮೇಲೆ ಕೇರಿಯ ನಡುವೆ ಹಲಗೆ, ಸ್ಯಾಕ್ಸೊಫೋನ್ ಎರಡೂ ನುಡಿಸುತ್ತಿದ್ದರು. ಹಲಗೆ ಬಾರಿಸುವುದಿಲ್ಲ ಎಂದವರ ಕೇರಿಯಲ್ಲಿ ಹಲಗೆ ಯಾಕೆ ಎಂದು ವಿಚಾರಣೆಗೆ ಬಂದ ಅಧಿಕಾರಿ ಕೇಳಿದರಂತೆ. “ಇದು ನಮಗಾಗಿ ಸಾಹೇಬ್ರ, ಕುಂದರ್ರಿ, ಕೇಳ್ರಿ,” ಎಂದರಂತೆ ಸರ್. ಐದನೆಯ ತಿಂಗಳು ಗಿರಣಿ ತೆರೆಯಿತು.

ಮನೆ ಮಾನ್ವಿಯಲ್ಲೇ ಇದ್ದುದರಿಂದ, ಆ ಆರು ವರ್ಷ ಅವರ ಬಸ್ಸು ದಿನಾ ನಮ್ಮೂರ ಬೇವಿನ ಮರದಡಿ ಎರಡು ನಿಮಿಷ ನಿಲ್ಲುತ್ತಿತ್ತು. ಅವರು ಇಳಿಯುತ್ತಿರಲಿಲ್ಲ. ಇದು ಹೇಗೋ ನನ್ನ ತಾಯಿಗೆ ತಿಳಿಯಿತು. ಬೇಸಿಗೆಯ ಒಂದು ದಿನ ಆಕೆ ಗಿಲಾಸಿನಲ್ಲಿ ಮಜ್ಜಿಗೆ ತಂದು ಕಿಟಕಿಗೆ ಚಾಚಿದಳು.

“ಇದು ಮನ್ಯಾಗಿನ ಗಿಲಾಸೇನು ಯವ್ವಾ?” ಎಂದು ಸರ್ ಕೇಳಿದರು.

“ನಾ ಕುಡಿಯೋ ಗಿಲಾಸಪಾ. ನಿನ್ನ ಕಣ್ಣ ಮುಂದ ಕುಡೀಲೇನು?”

ಅವರು ಕುಡಿದು, ಕೈ ಮುಗಿದು, ಗಿಲಾಸು ವಾಪಸು ಕೊಟ್ಟರು. “ಇಳಿಯಪ್ಪಾ, ಮನಿಗೆ ಬಾ,” ಎಂದಳು ತಾಯಿ. “ಏಳೂ ಮಂದಿ ಕೂಡೆ ಬರ್ತೀವಿ ಯವ್ವಾ, ಕರ್ಯಾವ್ರು ಕರೀಲಿ,” ಎಂದರು. ಕರೆಯಬೇಕಾದವನು ಮಾನ್ವಿಯಲ್ಲಿ ಕೂತು ಮಕ್ಕಳಿಗೆ ಸಮಾನತೆಯ ಮೇಲೆ ಪ್ರಬಂಧ ಬರೆಸುತ್ತಿದ್ದ.

೨೦೧೦ರಿಂದ ಅವರು ರಾಯಚೂರಿಗೆ ಬಂದರು. ಮಹಮ್ಮದ್ ಹುಸೇನ್ ತೀರಿಕೊಂಡಾಗ ಅವರ ಮಗಳು ವಾಹಿದಾಳಿಗೆ ತಂದೆಯ ಡ್ರಮ್ಮನ್ನು ಕಲಿಸಿದರು. ಹೆಣ್ಣುಮಗಳು ಬ್ಯಾಂಡು ಬಾರಿಸುವುದೇ ಎಂದವರ ಎದುರಿಗೇ ಆಕೆಯನ್ನು ವೇದಿಕೆಗೆ ಹತ್ತಿಸಿದರು. ಏಳು ಮಂದಿಯಲ್ಲಿ ಇನ್ನಿಬ್ಬರು ಹೋದರು. ಕಾಲ ಯಾರಿಗೂ ಕಾಯುವುದಿಲ್ಲ ಎಂದು ತರಗತಿಯಲ್ಲಿ ಸಾವಿರ ಸಲ ಹೇಳಿದ್ದೇನೆ. ನನಗೆ ಅದು ಅರ್ಥವಾಗಲು ಈ ಅಭಿನಂದನ ಗ್ರಂಥ ಬರಬೇಕಾಯಿತು.

ಜುಲೈ ಕೊನೆಯಲ್ಲಿ ಲೇಖನದ ಮೊದಲ ಕರಡನ್ನು ಮಲ್ಲೇಶ್ವರಿಗೆ ಓದಿ ಹೇಳಿದೆ. ಯಾಪಲದಿನ್ನಿ, ಬುರ್ಹಾನುದ್ದೀನ್ ಮಾಸ್ಟರ್, ಸಿರವಾರದ ಗಿಲಾಸು, ನನ್ನ ಧೈರ್ಯದ ಉತ್ತರ ಎಲ್ಲ ಇದ್ದವು. ಆಕೆ ಕೇಳಿ ಮುಗಿಸಿ, “ಮೆರವಣಿಗಿ ಎಲ್ಲದ ಇದರಾಗ?” ಎಂದಳು. ನಾನು ಹಾಳೆಗಳನ್ನು ಮಡಚತೊಡಗಿದೆ. “ನಿಮ್ಮ ಅವ್ವಗ ಎಂಬತ್ತೆರಡು. ಏಳು ಮಂದ್ಯಾಗ ನಾಲ್ವರು ಉಳಿದಾರ. ಇನ್ನಾ ಎಷ್ಟು ದಿನ ಬಾಸಿಂಗದ ಹಿಂದ ಕುಂದರ್ತೀರಿ?”

ಕರಡನ್ನು ಹರಿದೆ. ಮರುದಿನ ಊರಿಗೆ ಹೋಗಿ, ಬದುಕಿನಲ್ಲಿ ಮೊದಲ ಸಲ ಕಾಕಾ ಅವರ ಎದುರು ಕುರ್ಚಿ ಎಳೆದುಕೊಂಡು ಕೂತು, ಬ್ಯಾಂಡಿನವರನ್ನು ಪಡಸಾಲೆಯಲ್ಲೇ ಊಟಕ್ಕೆ ಕೂರಿಸುತ್ತೇನೆ ಎಂದು ಹೇಳಿದೆ. “ನಾ ಇರೂ ತನಕ ಪಡಸಾಲ್ಯಾಗ ಅದು ಆಗಂಗಿಲ್ಲ,” ಎಂದರು ಕಾಕಾ. ಒಳಗಿನಿಂದ ತಾಯಿ ಹೇಳಿದಳು, “ಹಂಗಾದ್ರ ರಾಮಣ್ಣ, ಅವತ್ತೊಂದಿನ ನೀ ಹೊಲಕ್ಕ ಹೋಗು. ನಾ ಸಾಯೋದ್ರಾಗ ಆ ಏಳು ಎಲಿಗೆ ಬಡಸಬೇಕಾಗ್ಯಾದ.”

ಅಲ್ಲಿಂದ ನೇರವಾಗಿ ರಾಯಚೂರಿಗೆ, ಸರ್ ಮನೆಗೆ. ಇಪ್ಪತ್ತೊಂಬತ್ತು ವರ್ಷದ ಮಾತನ್ನು ಬಾಗಿಲಲ್ಲೇ ನಿಂತು ಹೇಳಿದೆ. “ಸರ್, ಅವತ್ತು ನನಗ ಗೊತ್ತಿತ್ತು. ಬೆಳಿಗ್ಗೆನ ಗೊತ್ತಿತ್ತು. ತಪ್ಪಾತು.” ಅವರು ಒಳಗೆ ಕರೆದು ಕೂರಿಸಿದರು. ಶಶಿಕಲಾ ಅವರು ಚಹಾ ತಂದಿಟ್ಟರು. ಆಗ ಸರ್ ಕೇಳಿದರು, “ಎಲಿ ಎಲ್ಲಿ?”

“ಪಡಸಾಲ್ಯಾಗ. ಏಳೂ. ನಾನೂ ಅವ್ವನೂ ಬಡಸ್ತೀವಿ.”

“ಎಲಿ ಎತ್ತಾವ್ರು ಯಾರು?”

“ನಾನು.”

“ಚಾ ಕುಡಿ, ಆರಾಕತ್ತದ,” ಎಂದರು.

ಆಗಸ್ಟಿನ ಎರಡನೆಯ ಭಾನುವಾರ ಅವರು ಬಂದರು. ಉಳಿದ ನಾಲ್ವರು, ತೀರಿಕೊಂಡ ಮೂವರ ಜಾಗಕ್ಕೆ ಅವರ ಮನೆಯವರು. ಮಹಮ್ಮದ್ ಹುಸೇನರ ಎಲೆಯ ಮುಂದೆ ವಾಹಿದಾ. ತಾಯಿ ಗೋಡೆ ಹಿಡಿದು ನಡೆಯುತ್ತ ಒಂದೊಂದೇ ಹೋಳಿಗೆ ಬಡಿಸಿದಳು, ನಾನು ತುಪ್ಪ ಹಾಕಿದೆ. ಯಲ್ಲಾಲಿಂಗ ಐದು ತಿಂದು, “ಯವ್ವಾ, ಅವತ್ತಿನ ಬಾಕಿನೂ ಇದರಾಗ ಹಿಡ್ಕೋ,” ಎಂದಾಗ ಎಲ್ಲರೂ ನಕ್ಕರು. ಊಟ ಮುಗಿದ ಮೇಲೆ ಏಳು ಎಲೆಗಳನ್ನೂ ನಾನೇ ಎತ್ತಿದೆ. ಓಣಿಯವರು ಬಾಗಿಲಲ್ಲಿ ನಿಂತು ನೋಡಿದರು. ಕೆಲವರು ತಿರುಗಿ ಹೋದರು, ಇಬ್ಬರು ಒಳಗೆ ಬಂದು ಕೂತರು. “ಕಾಕಾರು ಉಂಡಾರೇನು?” ಎಂದು ಸರ್ ಕೇಳಿದರು. ಹೊಲದಲ್ಲಿದ್ದಾರೆ ಎಂದೆ. “ಮುದುಕ ಮನಿಷಾ, ಹಸದಿರ್ತಾನ. ಕಳಸು,” ಎಂದರು. ಡಬ್ಬಿ ಹೋಯಿತು. ಸಂಜೆ ಅದು ತೊಳೆದು ವಾಪಸು ಬಂತು.

ಆಮೇಲೆ ಸರ್ ಎದ್ದು, “ನಡೀರಿ, ಒಂದು ಕೆಲಸ ಉಳದದ,” ಎಂದರು. ಎಲ್ಲರೂ ಬೇವಿನ ಮರದ ತನಕ ನಡೆದೆವು. ವಾಹಿದಾ ಡ್ರಮ್ಮು ಹೆಗಲಿಗೇರಿಸಿದಳು. ಸರ್ ‘ಅವ್ವನ ಧಾಟಿ’ಯನ್ನು ಮೊದಲಿನಿಂದ ಹಿಡಿಯಲಿಲ್ಲ. ಅಂದು ಸಾಲು ಬಿಟ್ಟು ದೂರ ಹೋಗಿ ಎಲ್ಲಿ ನಿಂತಿದ್ದರೋ ಅಲ್ಲಿಂದಲೇ ಎತ್ತಿಕೊಂಡರು. ಅಷ್ಟು ವರ್ಷ ಅವರು ಆ ಜಾಗವನ್ನು ನೆನಪಿಟ್ಟುಕೊಂಡಿದ್ದರು. ನನಗೂ ಅದು ಗುರುತು ಸಿಕ್ಕಿತು, ನಾನೂ ಮರೆತಿರಲಿಲ್ಲ. ಅವರ ಹಿಂದೆ, ಜೀಪಿಲ್ಲದೆ ಬಾಸಿಂಗವಿಲ್ಲದೆ, ನರೆತ ತಲೆಯ ನಾವು ಗಂಡಹೆಂಡಿರಿಬ್ಬರು ನಡೆದೆವು. ಮನೆಯ ಹೊಸ್ತಿಲು ಬರುವುದಕ್ಕೂ ಅವರು ಮೂಕಮ್ಮನವರ ಸಾಲಿಗೆ ವಾಪಸು ಬಂದು ಮುಟ್ಟುವುದಕ್ಕೂ ಸರಿಹೋಯಿತು. ತಾಯಿ ಆರತಿ ಹಿಡಿದು ನಿಂತಿದ್ದಳು. ಮಲ್ಲೇಶ್ವರಿ ನನ್ನ ಕಡೆ ನೋಡಿ, “ಮನಿ ಬಂತು ನೋಡ್ರಿ,” ಎಂದಳು. ನಾನು ಅತ್ತೆ. ಅದನ್ನು ಬರೆಯಲು ನಾಚಿಕೆಯಿಲ್ಲ.

ಸಂಜೀವ ಸರ್, ತಮಗೆ ಅರುವತ್ತು ತುಂಬಿತು ಎಂದು ಇಲಾಖೆ ಹೇಳುತ್ತದೆ. ತಮ್ಮ ಉಸಿರು ಹಾಗೆ ಹೇಳುವುದಿಲ್ಲ. ಶಶಿಕಲಾ ಅವರೊಡನೆ ತಾವು ನೂರು ಕಾಲ ಬಾಳಬೇಕು, ಇನ್ನೂ ಎಷ್ಟೋ ಊರುಗಳ ಮದುವೆಗಳಲ್ಲಿ ಆ ಒಂದು ಪ್ರಶ್ನೆಯನ್ನು ಕೇಳುತ್ತಲೇ ಇರಬೇಕು. ಬರುವ ಮಾಘ ಮಾಸದಲ್ಲಿ ನನ್ನ ಮಗಳ ಲಗ್ನ, ನಮ್ಮೂರಲ್ಲೇ. ಬೀಗರಾಗುವವರೂ, ಕಾಕಾ ಅವರೂ, ಓಣಿಯವರೂ ಓದಲಿ ಎಂದೇ, ತಾವು ಕೇಳುವ ಮೊದಲೇ ಉತ್ತರವನ್ನು ಇಲ್ಲಿ ಅಚ್ಚು ಹಾಕಿಸಿ ಕೊಡುತ್ತಿದ್ದೇನೆ: ಎಲೆ ಪಡಸಾಲೆಯಲ್ಲಿ, ಮೊದಲ ಪಂಕ್ತಿಯಲ್ಲಿ, ಮೆರವಣಿಗೆಗೆ ಮುಂಚೆ.